ಜಿಟಿಎ 4 ಹಳೇ ಬಾಕ್ಸ್‌ನ ಕೀ ಸ್ಟೀಮ್‌ನಲ್ಲಿ ತಗೊಳ್ತಿಲ್ಲ, ಏನು ಮಾಡಬೇಕು?

ಹುಬ್ಬಳ್ಳಿ_ಗೇಮರ್:
ಎಲ್ಲರಿಗೂ ನಮಸ್ಕಾರ. ಅಣ್ಣ ಕಾಲೇಜಿನಲ್ಲಿದ್ದಾಗ ತಂದ ಜಿಟಿಎ 4 (ಗ್ರ್ಯಾಂಡ್ ಥೆಫ್ಟ್ ಆಟೋ 4) ಗೇಮ್‌ನ ಒರಿಜಿನಲ್ ಡಿವಿಡಿ ಬಾಕ್ಸ್ ಮನೆಯಲ್ಲಿದೆ. ಇನ್‌ಸ್ಟಾಲ್ ಮಾಡುವಾಗ ಕೇಳುವ ಕೋಡ್, ಅಂದರೆ ಕೀ ಕೂಡ ಜೊತೆಗೇ ಇದೆ. ನನ್ನ ಲ್ಯಾಪ್‌ಟಾಪ್ ವಿಂಡೋಸ್ 11, ಡಿವಿಡಿ ಡ್ರೈವ್ ಇಲ್ಲ. ಕೀ ಇದ್ದರೆ ಸಾಕು, ಸ್ಟೀಮ್‌ನಲ್ಲಿ (ಗೇಮ್ ಮಾರುವ ಆನ್‌ಲೈನ್ ಅಂಗಡಿ) ಹಾಕಿ ಡೌನ್‌ಲೋಡ್ ಮಾಡಿಕೋ ಅಂತ ಸ್ನೇಹಿತ ಹೇಳಿದ. ಹಾಕಿದರೆ "ಇನ್‌ವ್ಯಾಲಿಡ್ ಪ್ರಾಡಕ್ಟ್ ಕೋಡ್" ಅಂತ ಬಂತು. ಮತ್ತೆ ಮತ್ತೆ ಹಾಕಿ ನೋಡಿದೆ. ಈಗ "ಟೂ ಮೆನಿ ಆ್ಯಕ್ಟಿವೇಶನ್ ಅಟೆಂಪ್ಟ್ಸ್" ಅನ್ನುತ್ತಿದೆ. ಅಕೌಂಟ್ ಬ್ಲಾಕ್ ಆಯ್ತಾ? ಗೂಗಲ್ ಮಾಡಿದರೆ ಫ್ರೀ ಕೀ ಕೊಡುವ ಸೈಟ್‌ಗಳು, ಕೀಜೆನ್‌ಗಳು (ಕೀ ಹುಟ್ಟಿಸುತ್ತೇವೆ ಅನ್ನುವ ಪ್ರೋಗ್ರಾಂಗಳು) ಸುಮಾರು ಸಿಗುತ್ತಿವೆ. ಅವನ್ನು ಬಳಸಬಹುದಾ?

ಹಳೇಡಿಸ್ಕ್:
ಅಕೌಂಟ್‌ಗೆ ಏನೂ ಆಗಿಲ್ಲ, ಹೆದರಬೇಡಿ. ತಪ್ಪು ಕೋಡ್ ಜಾಸ್ತಿ ಸಲ ಹಾಕಿದಾಗ ಸ್ಟೀಮ್ ಸ್ವಲ್ಪ ಹೊತ್ತು ತಡೆಯುತ್ತದೆ, ಅಷ್ಟೇ. ಒಂದೆರಡು ಗಂಟೆ ಸುಮ್ನೆ ಬಿಡಿ. ನಡುವೆ ಮತ್ತೆ ಪ್ರಯತ್ನಿಸಬೇಡಿ.

ನಿಮ್ಮ ಕೀ ಬಹುಶಃ ಸರಿಯಾಗಿಯೇ ಇದೆ. ಹಾಕುತ್ತಿರುವ ಜಾಗ ಬೇರೆ. ಜಿಟಿಎ 4 ಪಿಸಿಗೆ ಬಂದದ್ದು 2008ರ ಡಿಸೆಂಬರ್‌ನಲ್ಲಿ. ಆಗ ಡಿಸ್ಕ್ ಕೊಂಡವರ ಆಟ ನಡೆಯುತ್ತಿದ್ದದ್ದು ಮೈಕ್ರೋಸಾಫ್ಟ್‌ನ "ಗೇಮ್ಸ್ ಫಾರ್ ವಿಂಡೋಸ್ ಲೈವ್" ಮತ್ತು ಜಿಟಿಎ ಮಾಡಿದ ರಾಕ್‌ಸ್ಟಾರ್ ಕಂಪನಿಯ ಸೋಶಿಯಲ್ ಕ್ಲಬ್ ಎಂಬ ಆನ್‌ಲೈನ್ ಸೇವೆಗಳ ಮೇಲೆ. ಬಾಕ್ಸ್‌ನ ಕೀ ಆ ವ್ಯವಸ್ಥೆಗೆ ಸೇರಿದ್ದು. ಸ್ಟೀಮ್‌ನ ಪಟ್ಟಿಯಲ್ಲಿ ಅದು ಇಲ್ಲವೇ ಇಲ್ಲ. ಹಾಗಾಗಿ ಎಷ್ಟು ಸಲ ಹಾಕಿದರೂ ಇನ್‌ವ್ಯಾಲಿಡ್ ಅಂತಲೇ ಬರುತ್ತದೆ.

ಆ ಮೈಕ್ರೋಸಾಫ್ಟ್ ಸೇವೆಗೆ ಆಮೇಲೆ ಗತಿ ಇಲ್ಲದಂತಾಯಿತು. ಅದರ ಅಂಗಡಿಯನ್ನು 2013ರ ಆಗಸ್ಟ್‌ನಲ್ಲೇ ಮುಚ್ಚಿದರು. 2020ರ ಜನವರಿಯಲ್ಲಿ ಜಿಟಿಎ 4 ಸ್ಟೀಮ್ ಅಂಗಡಿಯಿಂದಲೇ ಮಾಯವಾಗಿತ್ತು, ನೆನಪಿದೆಯಾ? ಮಾರಲು ಬೇಕಾದ ಹೊಸ ಕೀಗಳನ್ನು ತಯಾರಿಸುವ ದಾರಿಯೇ ಮುಚ್ಚಿಹೋಗಿತ್ತು. ಅದೇ ಮಾರ್ಚ್‌ನಲ್ಲಿ ರಾಕ್‌ಸ್ಟಾರ್ ಆ ಹಳೇ ಸೇವೆಯನ್ನು ಕಿತ್ತುಹಾಕಿ "ಕಂಪ್ಲೀಟ್ ಎಡಿಶನ್" ತಂದಿತು. ಹಳೇ ಡಿಸ್ಕ್ ಇದ್ದವರನ್ನೂ ಕೈಬಿಡಲಿಲ್ಲ. ನಿಮಗೆ ಬೇಕಾದದ್ದು ಇದೇ.

ರಾಕ್‌ಸ್ಟಾರ್ ಅಕೌಂಟ್ ಮಾಡಿಕೊಂಡು ಲಾಗಿನ್ ಆಗಿ. ಅವರ ಸೈಟ್‌ನಲ್ಲಿ ಕೋಡ್ ರಿಡೀಮ್ ಮಾಡುವ ಪುಟ ಇದೆ. ಬಾಕ್ಸ್‌ನ ಕೀ ಅಲ್ಲಿ ಹಾಕಿ. ತಗೊಂಡರೆ ರಾಕ್‌ಸ್ಟಾರ್ ಗೇಮ್ಸ್ ಲಾಂಚರ್ (ಅವರ ಆಟ ಇಳಿಸಿ ತೆರೆಯುವ ಪ್ರೋಗ್ರಾಂ) ಇನ್‌ಸ್ಟಾಲ್ ಮಾಡಿ, ಗೇಮ್ ನಿಮ್ಮ ಲೈಬ್ರರಿಯಲ್ಲಿ ಕಾಣಿಸುತ್ತದೆ. ಡಿವಿಡಿ ಡ್ರೈವ್ ಬೇಡ. ಡೌನ್‌ಲೋಡ್ 20 ಜಿಬಿಗಿಂತ ಜಾಸ್ತಿ, ಮೊಬೈಲ್ ಡೇಟಾದಲ್ಲಿ ಶುರು ಮಾಡಬೇಡಿ. ಈ ಆವೃತ್ತಿಯಲ್ಲಿ ಮಲ್ಟಿಪ್ಲೇಯರ್ ಇಲ್ಲ, ಅದನ್ನು ತೆಗೆದಿದ್ದಾರೆ. ಕಥೆ ಆಡುವುದಕ್ಕೆ ತೊಂದರೆ ಇಲ್ಲ.

ಒಂದು ಮುಖ್ಯ ಮಾತು: ಅಣ್ಣ ಆಗ ತಮ್ಮ ಸೋಶಿಯಲ್ ಕ್ಲಬ್ ಅಕೌಂಟ್‌ಗೆ ಈ ಕೀ ಸೇರಿಸಿರಬಹುದು. ಮೊದಲು ಅವರ ಹಳೇ ಇಮೇಲ್ ನೋಡಲು ಹೇಳಿ. ಹಾಗಿದ್ದರೆ ಹೊಸ ಅಕೌಂಟ್‌ನಲ್ಲಿ ಆ ಕೀ ನಡೆಯುವುದಿಲ್ಲ, ಅವರ ಅಕೌಂಟ್‌ನ ಪಾಸ್‌ವರ್ಡ್ ರಿಸೆಟ್ ಮಾಡಿಸಬೇಕು.

ಕೀಜೆನ್, ಫ್ರೀ ಕೀ ಸೈಟ್ ಕಡೆ ಹೋಗಲೇಬೇಡಿ. ಈಗಿನ ಆಟಗಳ ಕೀ ಸರಿಯೋ ತಪ್ಪೋ ಅಂತ ನೋಡುವುದು ಕಂಪನಿಯ ಸರ್ವರ್. ಅವರ ದಾಖಲೆಯಲ್ಲಿ ಇಲ್ಲದ ಕೀಯನ್ನು ನಿಮ್ಮ ಕಂಪ್ಯೂಟರ್‌ನಲ್ಲಿ ಕೂತ ಯಾವ ಪ್ರೋಗ್ರಾಂ ಕೂಡ ಹುಟ್ಟಿಸಲಾರದು. ಆ ಸೈಟ್‌ಗಳಿಂದ ಬರುವ ಫೈಲ್ ಬಹಳ ಸಲ ಬ್ರೌಸರ್‌ನಲ್ಲಿ ಉಳಿಸಿದ ಪಾಸ್‌ವರ್ಡ್ ಕದಿಯುವ ವೈರಸ್ ಆಗಿರುತ್ತದೆ. "ಆಂಟಿವೈರಸ್ ಆಫ್ ಮಾಡಿ" ಅಂತ ಯಾರಾದರೂ ಹೇಳಿದರೆ ಅಲ್ಲಿಗೇ ನಿಲ್ಲಿಸಿ.

ಕರಾವಳಿ_ಲ್ಯಾನ್:
ಹಳೇ ಬಾಕ್ಸ್ ಕೀ ಅಂದರೆ ಯಾವುದೂ ಸ್ಟೀಮ್‌ನಲ್ಲಿ ನಡೆಯಲ್ಲ ಅಂತೇನಿಲ್ಲ ಮಾರಾಯ್ರೆ. ಸೈಬರ್ ಕೆಫೆ ಕಾಲದ ಹಾಫ್-ಲೈಫ್ ಬಾಕ್ಸ್ ಇದ್ದರೆ ಅದರ 13 ಅಂಕಿಯ ಸಿಡಿ ಕೀ ಸ್ಟೀಮ್ ಒಪ್ಪಿಕೊಳ್ಳುತ್ತದೆ. ಅದು 1998ರ ಆಟ, ಸ್ಟೀಮ್ ಶುರುವಾದದ್ದು 2003ರಲ್ಲಿ. ಎರಡೂ ವಾಲ್ವ್ ಎಂಬ ಒಂದೇ ಕಂಪನಿಯದ್ದು ಆದ್ದರಿಂದ ಆ ದಾರಿ ಇಟ್ಟಿದ್ದಾರೆ. ಬಾಕ್ಸ್ ಮೇಲೆ ಯಾವ ಕಂಪನಿಯ ಹೆಸರಿದೆ ಅಂತ ಮೊದಲು ನೋಡಿ, ಆಮೇಲೆ ಕೀ ಎಲ್ಲಿ ಹಾಕಬೇಕು ಅಂತ ಯೋಚಿಸಿ.

ದಾವಣಗೆರೆ_ಟ್ಯಾಂಕ್:
ಇಲ್ಲೇ ಕೇಳುತ್ತೇನೆ, ಬೇಸರ ಮಾಡಿಕೊಳ್ಳಬೇಡಿ. ಕಮಾಂಡ್ ಅಂಡ್ ಕಾಂಕರ್ ಜನರಲ್ಸ್ ಡಿಸ್ಕ್ ಇದೆ, ಮ್ಯಾನುಯಲ್ ಕಳೆದುಹೋಗಿದೆ. ಹಳೇ ಡೆಸ್ಕ್‌ಟಾಪ್‌ನಲ್ಲಿ ಗೇಮ್ ಇನ್ನೂ ಇನ್‌ಸ್ಟಾಲ್ ಆಗಿಯೇ ಇದೆ. ಕೀ ಅದರಿಂದ ತೆಗೆಯಬಹುದಾ?

ಹಳೇಡಿಸ್ಕ್:
ಖಂಡಿತ ತೆಗೆಯಬಹುದು. ಡೆಸ್ಕ್‌ಟಾಪ್ ಫಾರ್ಮ್ಯಾಟ್ ಮಾಡುವ ಮುಂಚೆ ಕೇಳಿದ್ದು ಒಳ್ಳೆಯದಾಯಿತು. ಜನರಲ್ಸ್ ಹೊರತಂದ ಇಎ (ಎಲೆಕ್ಟ್ರಾನಿಕ್ ಆರ್ಟ್ಸ್) ಕಂಪನಿಯ ಆ ಕಾಲದ ಆಟಗಳು ಕೀಯನ್ನು ವಿಂಡೋಸ್ ತನ್ನ ಸೆಟ್ಟಿಂಗ್‌ಗಳನ್ನು ಇಡುವ ರಿಜಿಸ್ಟ್ರಿಯಲ್ಲಿ ಬರೆದಿಡುತ್ತಿದ್ದವು. ರನ್ ತೆರೆದು ರೆಜ್‌ಎಡಿಟ್ (regedit) ಅಂತ ಟೈಪ್ ಮಾಡಿ. ಎಚ್‌ಕೀ ಲೋಕಲ್ ಮಷೀನ್, ಸಾಫ್ಟ್‌ವೇರ್, ಎಲೆಕ್ಟ್ರಾನಿಕ್ ಆರ್ಟ್ಸ್, ಇಎ ಗೇಮ್ಸ್, ಜನರಲ್ಸ್, ಹೀಗೆ ಒಳಗೆ ಹೋಗಿ. ಕೊನೆಯಲ್ಲಿ ಇ-ಆರ್-ಜಿ-ಸಿ ಎಂಬ ನಾಲ್ಕಕ್ಷರದ ಫೋಲ್ಡರ್ ಇರುತ್ತದೆ. ಅದರ "ಡಿಫಾಲ್ಟ್" ಸಾಲಿನಲ್ಲಿ ಕಾಣುವುದೇ ನಿಮ್ಮ ಕೀ. ವಿಂಡೋಸ್ 64 ಬಿಟ್ ಆಗಿದ್ದರೆ ಸಾಫ್ಟ್‌ವೇರ್ ಆದಮೇಲೆ ವಾವ್6432ನೋಡ್ ಒಳಗೆ ಹುಡುಕಬೇಕು. ಅಲ್ಲಿ ಏನನ್ನೂ ಬದಲಿಸಬೇಡಿ, ಫೋಟೊ ಹೊಡೆದುಕೊಂಡು ಮುಚ್ಚಿಬಿಡಿ.

ಲ್ಯಾನ್‌ನಲ್ಲಿ ಆಡುವ ಯೋಚನೆ ಇದ್ದರೆ ಒಂದೇ ಕೀಯನ್ನು ಎರಡು ಕಂಪ್ಯೂಟರ್‌ಗೆ ಹಾಕಿದರೆ ನಡೆಯಲ್ಲ. ಅದೇ ಸೀರಿಯಲ್ ಇರುವ ಇನ್ನೊಬ್ಬ ಆಟಗಾರ ಇದ್ದಾನೆ ಅಂತ ಜನರಲ್ಸ್ ತಡೆಯುತ್ತದೆ. ಇಷ್ಟೆಲ್ಲ ಬೇಡ ಅನ್ನಿಸಿದರೆ ಇಡೀ ಸರಣಿ 2024ರ ಮಾರ್ಚ್‌ನಲ್ಲಿ ಸ್ಟೀಮ್‌ಗೆ ಬಂದಿದೆ. ರಿಯಾಯಿತಿ ಇರುವಾಗ ಕೊಳ್ಳಿ.

ನೈಟ್ರೋ_ಮೈಸೂರು:
ನನ್ನದು ಉಲ್ಟಾ. ನೀಡ್ ಫಾರ್ ಸ್ಪೀಡ್ ಮೋಸ್ಟ್ ವಾಂಟೆಡ್, 2005ರದ್ದು, ಒರಿಜಿನಲ್ ಡಿಸ್ಕ್. ಕೀ ತಗೊಂಡಿತು, ಇನ್‌ಸ್ಟಾಲ್ ಆಯ್ತು. ಆದರೆ ಗೇಮ್ ತೆರೆಯುವುದೇ ಇಲ್ಲ. ವಿಂಡೋಸ್ 10.

ಹಳೇಡಿಸ್ಕ್:
ಅಲ್ಲಿ ಕೀಯ ತಪ್ಪು ಏನೂ ಇಲ್ಲ. ಆ ಡಿಸ್ಕ್‌ನಲ್ಲಿ ಸೇಫ್‌ಡಿಸ್ಕ್ ಎಂಬ ಕಾಪಿ ತಡೆ ಇದೆ. ಅದಕ್ಕೆ ಬೇಕಾದ ಡ್ರೈವರ್‌ನಲ್ಲಿ ಭದ್ರತೆಯ ಲೋಪ ಇತ್ತು. ಮೈಕ್ರೋಸಾಫ್ಟ್ 2015ರ ಸೆಪ್ಟೆಂಬರ್‌ನಲ್ಲಿ ಅಪ್‌ಡೇಟ್ ಕೊಟ್ಟು ಹಳೇ ವಿಂಡೋಸ್‌ಗಳಲ್ಲೂ ಅದನ್ನು ಬಂದ್ ಮಾಡಿತು. ವಿಂಡೋಸ್ 10ರಲ್ಲಿ ಅದು ಇಲ್ಲವೇ ಇಲ್ಲ. ದುಡ್ಡು ಕೊಟ್ಟು ಒರಿಜಿನಲ್ ತಂದವರಿಗೇ ಆಟ ಸಿಗದಂತಾಗಿದ್ದು ನಿಜಕ್ಕೂ ಅನ್ಯಾಯ. ಆ ಆಟ ಸ್ಟೀಮ್‌ನಲ್ಲೂ ಇಲ್ಲ. ಹಳೇ ಎಕ್ಸ್‌ಪಿ ಕಂಪ್ಯೂಟರ್ ಮನೆಯಲ್ಲಿದ್ದರೆ ಅದರಲ್ಲಿ ಹಾಕಿ, ಇಂಟರ್ನೆಟ್‌ಗೆ ಮಾತ್ರ ಜೋಡಿಸಬೇಡಿ. ನನಗೆ ಗೊತ್ತಿರುವ ಸುರಕ್ಷಿತ ದಾರಿ ಅದೊಂದೇ.

ಸೇಲ್_ಹುಡುಗಿ:
ನಾನು ಒಂದು ರೀಸೇಲ್ ಸೈಟ್‌ನಲ್ಲಿ ಅರ್ಧ ಬೆಲೆಗೆ ಸ್ಟೀಮ್ ಕೀ ಕೊಂಡೆ. "ಡುಪ್ಲಿಕೇಟ್ ಪ್ರಾಡಕ್ಟ್ ಕೋಡ್" ಅಂತ ಬರುತ್ತಿದೆ. ಇದೂ ಬೇರೆ ಲಾಂಚರ್‌ನ ಕೀ ಇರಬಹುದಾ?

ಹಳೇಡಿಸ್ಕ್:
ಇಲ್ಲ. ಡುಪ್ಲಿಕೇಟ್ ಅಂದರೆ ಕೀ ಸ್ಟೀಮ್‌ನದ್ದೇ, ಆದರೆ ಬೇರೆಯವರು ಆಗಲೇ ಬಳಸಿಬಿಟ್ಟಿದ್ದಾರೆ. ಸ್ಟೀಮ್ ಇದಕ್ಕೆ ಏನೂ ಮಾಡಲಾರದು. ದುಡ್ಡು ತಗೊಂಡವರನ್ನೇ ಕೇಳಬೇಕು. ಎರರ್ ಕಾಣುವ ಸ್ಕ್ರೀನ್‌ಶಾಟ್, ಆರ್ಡರ್ ನಂಬರ್ ಇವತ್ತೇ ಕಳಿಸಿ ರೀಫಂಡ್ ಕೇಳಿ. ಒಪ್ಪದಿದ್ದರೆ ಕಾರ್ಡ್ ಕೊಟ್ಟ ಬ್ಯಾಂಕ್‌ಗೆ ದೂರು ಕೊಡಿ.

ಇಂಥ ಸೈಟ್‌ಗಳಲ್ಲಿ ಕೀ ನಡೆದರೂ ನೆಮ್ಮದಿ ಇಲ್ಲ. 2013ರಲ್ಲಿ ನ್ಯಾಚುರಲ್ ಸೆಲೆಕ್ಷನ್ 2 ಮಾಡಿದ ತಂಡ ಕದ್ದ ಕ್ರೆಡಿಟ್ ಕಾರ್ಡ್‌ಗಳಿಂದ ಕೊಂಡಿದ್ದ 1,341 ಕೀಗಳನ್ನು ರದ್ದು ಮಾಡಿತು. ಅವುಗಳನ್ನು ಕೊಂಡು ಆಡುತ್ತಿದ್ದವರ ಆಟ ಹೋಯಿತು. ಫ್ಯಾಕ್ಟೋರಿಯೊ ಆಟದ 198 ಕದ್ದ ಕೀಗಳು ತನ್ನ ಸೈಟ್‌ನಲ್ಲಿ ಮಾರಾಟವಾಗಿದ್ದವು ಅಂತ ಜಿ2ಎ ಎಂಬ ಕೀ ಮಾರಾಟದ ಸೈಟ್ 2020ರಲ್ಲಿ ಒಪ್ಪಿಕೊಂಡು ಪರಿಹಾರ ಕೊಟ್ಟಿತು. 2015ರಿಂದ ಸ್ಟೀಮ್‌ನಲ್ಲಿ ಬೆಲೆ ರೂಪಾಯಿಯಲ್ಲೇ ಇದೆ. ಸೇಲ್ ಬರುವವರೆಗೆ ಕಾದರೆ ಬಹಳಷ್ಟು ಆಟಗಳು ಹೆಚ್ಚುಕಡಿಮೆ ಅದೇ ದುಡ್ಡಿಗೆ ಸಿಗುತ್ತವೆ.

ಹುಬ್ಬಳ್ಳಿ_ಗೇಮರ್:
ಅಪ್‌ಡೇಟ್: ನೀವು ಹೇಳಿದ್ದೇ ನಿಜ. ಅಣ್ಣನ ಹಳೇ ಇಮೇಲ್‌ನಲ್ಲಿ ಸೋಶಿಯಲ್ ಕ್ಲಬ್ ಮೆಸೇಜ್ ಸಿಕ್ಕಿತು. ಪಾಸ್‌ವರ್ಡ್ ರಿಸೆಟ್ ಮಾಡಿಸಿದೆವು, ಒಳಗೆ ಹೋಗಲು ಆಯ್ತು. ಆದರೆ ಲೈಬ್ರರಿಯಲ್ಲಿ ಜಿಟಿಎ 4 ಇರಲಿಲ್ಲ. ಅದೇ ಅಕೌಂಟ್‌ನಲ್ಲಿ ಬಾಕ್ಸ್‌ನ ಕೀ ರಿಡೀಮ್ ಮಾಡಿದೆ. ಮೊದಲು ತಗೊಳ್ಳಲಿಲ್ಲ. 8 ಅಂತ ಓದಿದ್ದು ಬಿ ಅಕ್ಷರ ಇರಬಹುದು ಅನ್ನಿಸಿ ಬದಲಿಸಿದೆ, ತಕ್ಷಣ ತಗೊಂಡಿತು. ಈಗ ಡೌನ್‌ಲೋಡ್ ಆಗುತ್ತಿದೆ. ತುಂಬಾ ಥ್ಯಾಂಕ್ಸ್. ಇನ್ನೊಂದು ಪ್ರಶ್ನೆ: ಅಣ್ಣನ ಆ ಅಕೌಂಟ್‌ನ ಇಮೇಲ್ ಬದಲಿಸಿ ನನ್ನದು ಹಾಕಬಹುದಾ?

ಹಳೇಡಿಸ್ಕ್:
ಬೇಡ. ಒಂದು ಅಕೌಂಟ್ ಒಬ್ಬರ ಹೆಸರಿಗೆ ಮಾತ್ರ ಅಂತ ನಿಯಮ ಇದೆ, ಮುಂದೆ ಸಪೋರ್ಟ್ ಕೇಳುವಾಗ ಗೊಂದಲ ಆಗುತ್ತದೆ. ಅಣ್ಣನ ಇಮೇಲ್ ಹಾಗೇ ಇರಲಿ. ಎರಡು ಹಂತದ ಲಾಗಿನ್ ಆನ್ ಮಾಡಿಸಿ. ಬಾಕ್ಸ್, ಕೀ, ಬಿಲ್ ಇದ್ದರೆ ಬಿಲ್, ಎಲ್ಲದರ ಫೋಟೊ ತೆಗೆದಿಡಿ. ಮುಂದೆ ಅಕೌಂಟ್ ಲಾಕ್ ಆದರೆ ಸಪೋರ್ಟ್‌ನವರು ಖರೀದಿಯ ಪುರಾವೆ ಕೇಳಬಹುದು.