ಆಕ್ಟಿವೇಟರ್ ಓಡಿಸಿದ ಮೇಲೆ ಡಿಫೆಂಡರ್ ಆನ್ ಆಗ್ತಿಲ್ಲ

ಪ್ರಶ್ನೆ (ಗೋಣಿಕೊಪ್ಪ): ಸರ್, ತೋಟದ ಲೆಕ್ಕ, ಆಳುಗಳ ಸಂಬಳ ಬರೆಯೋ ಲ್ಯಾಪ್‌ಟಾಪು. ವಿಂಡೋಸ್ 11ಕ್ಕೂ ಆಫೀಸ್‌ಗೂ ಆಕ್ಟಿವೇಟರ್ (ಲೈಸೆನ್ಸ್ ಕೊಳ್ಳದೆ ಆಕ್ಟಿವೇಟ್ ಮಾಡೋ ಟೂಲ್) ಓಡಿಸಿದೆ. ಜಿಪ್ ಫೈಲಿಗೆ ಪಾಸ್‌ವರ್ಡ್ ಇತ್ತು, ಆಂಟಿವೈರಸ್ ಆಫ್ ಮಾಡಿ ಅಂತಲೂ ಬರೆದಿತ್ತು. ಈಗ ವಿಂಡೋಸ್‌ನದೇ ಆಂಟಿವೈರಸ್ ಆದ ಡಿಫೆಂಡರ್ ಆನ್ ಮಾಡಲು ಹೋದರೆ ಅಡ್ಮಿನಿಸ್ಟ್ರೇಟರ್ ನಿಯಂತ್ರಣದಲ್ಲಿದೆ ಅನ್ನುತ್ತೆ. ಅಡ್ಮಿನ್ ನಾನೇ! ಸುಮ್ಮನಿಟ್ಟರೂ ಫ್ಯಾನ್ ಜೋರು. ಟೂಲ್ ಡಿಲೀಟ್ ಮಾಡಿದ್ರೆ ಸಾಕಾ?

ಉತ್ತರ: ಸಾಲದು. ಮೊದಲು ಲ್ಯಾಪ್‌ಟಾಪಿನ ವೈಫೈ ಆಫ್ ಮಾಡಿ. ಆಮೇಲೆ ಫೋನಿನಿಂದ ಇಮೇಲ್, ಬ್ಯಾಂಕ್ ಪಾಸ್‌ವರ್ಡ್ ಬದಲಿಸಿ, ಎಲ್ಲಾ ಡಿವೈಸ್‌ಗಳಿಂದ ಲಾಗೌಟ್ ಕೊಡಿ. ಬ್ರೌಸರಿನ ಕುಕಿ (ನೀವು ಲಾಗಿನ್ ಆಗಿದ್ದೀರಿ ಅನ್ನೋ ಗುರುತಿನ ಫೈಲ್) ಕದ್ದಿದ್ದರೆ ಪಾಸ್‌ವರ್ಡ್ ಇಲ್ಲದೆಯೂ ಒಳಗೆ ಬರಬಹುದು. ಹಣ ಹೋಗಿದ್ದರೆ ತಡಮಾಡದೆ ಸೈಬರ್ ವಂಚನೆ ಸಹಾಯವಾಣಿ 1930ಕ್ಕೆ ಕರೆ ಮಾಡಿ.

ಜಿಪ್‌ಗೆ ಬೀಗ ಹಾಕಿದ್ದು ಆಂಟಿವೈರಸ್ ಒಳಗೆ ಇಣುಕದಿರಲಿ ಅಂತ. ನೀವು ‘ಯೆಸ್’ ಒತ್ತಿದ ಕೂಡಲೇ ಟೂಲಿಗೆ ಅಡ್ಮಿನ್ ಅಧಿಕಾರ ಸಿಕ್ಕಿತು. ವಿಂಡೋಸ್‌ನ ಪಾಲಿಸಿ (ನಿಯಮ) ಬದಲಿಸಿ ಡಿಫೆಂಡರ್ ಮುಚ್ಚೋದು, ತನ್ನ ಫೋಲ್ಡರನ್ನು ಎಕ್ಸ್‌ಕ್ಲೂಷನ್‌ಗೆ, ಅಂದ್ರೆ ಸ್ಕ್ಯಾನ್ ಮಾಡದ ಪಟ್ಟಿಗೆ, ಸೇರಿಸೋದು ಎಲ್ಲ ಅದಕ್ಕೆ ಸಲೀಸು. ಇನ್ನೊಂದು: ಕಂಪನಿಗಳಿಗೆಂದೇ ಇರುವ ಕೆಎಂಎಸ್ ಆಕ್ಟಿವೇಷನ್ 180 ದಿನ ಮಾತ್ರ. ಹಾಗಾಗಿ ಅದನ್ನು ನಕಲು ಮಾಡುವ ಟೂಲ್‌ಗಳು ನವೀಕರಣಕ್ಕೆಂದು ಟಾಸ್ಕ್ ಶೆಡ್ಯೂಲರ್‌ನಲ್ಲಿ (ಹೊತ್ತಿಗೆ ಸರಿಯಾಗಿ ತಾನೇ ಪ್ರೋಗ್ರಾಂ ಓಡಿಸೋ ವಿಂಡೋಸ್ ವ್ಯವಸ್ಥೆ) ಒಂದು ಕೆಲಸ ಬಿಟ್ಟಿರುತ್ತವೆ. ಮೂಲ ಫೈಲ್ ಅಳಿಸಿದರೂ ಅದು ಉಳಿಯುತ್ತೆ.

ಫ್ಯಾನಿಗೆ ಒಂದು ಪರೀಕ್ಷೆ. ಟಾಸ್ಕ್ ಮ್ಯಾನೇಜರ್ ತೆರೆದು ಕಿವಿಗೊಡಿ. ತೆರೆದ ಕೂಡಲೇ ಸದ್ದು ಇಳಿದು, ಮುಚ್ಚಿದರೆ ಮತ್ತೆ ಏರಿದರೆ, ಕ್ರಿಪ್ಟೋ ಮೈನರ್ (ನಿಮ್ಮ ಮೆಷಿನ್ ದುಡಿಸಿ ಬೇರೆಯವರಿಗೆ ಡಿಜಿಟಲ್ ಹಣ ಗಳಿಸೋ ಪ್ರೋಗ್ರಾಂ) ಅಡಗಿರುವ ಅನುಮಾನ ಬಲವಾಗುತ್ತೆ.

ಪ್ರಶ್ನೆ: ಡಿಫೆಂಡರ್‌ನ ಆಫ್‌ಲೈನ್ ಸ್ಕ್ಯಾನ್ (ವಿಂಡೋಸ್ ಶುರುವಾಗೋ ಮೊದಲೇ ನಡೆಯೋದು) ಮಾಡಿ ಈಗಿರೋ ವಿಂಡೋಸನ್ನೇ ಉಳಿಸಿಕೊಳ್ಳಬಹುದಾ? ಫಾರ್ಮ್ಯಾಟ್ ಅಂದ್ರೆ ತಲೆನೋವು.

ಉತ್ತರ: ಮಾಡಿ ನೋಡಿ, ಸುಮಾರು 15 ನಿಮಿಷ. ಆದರೆ ಏನೂ ಸಿಗಲಿಲ್ಲ ಅಂದಾಕ್ಷಣ ನಂಬಬೇಡಿ. ಲೆಕ್ಕದ ಮೆಷಿನ್ ಅಂದ ಮೇಲೆ ನನ್ನ ಮತ ಫಾರ್ಮ್ಯಾಟಿಗೇ. ‘ಕೀಪ್ ಮೈ ಫೈಲ್ಸ್’ ರೀಸೆಟ್ ಬೇಡ.

ಎಕ್ಸೆಲ್, ಫೋಟೋ, ಪಿಡಿಎಫ್ ಮಾತ್ರ ಕಾಪಿ ಮಾಡಿ. ಸೆಟಪ್ ಫೈಲ್ ಒಂದೂ ಬೇಡ. ಬೇರೆ ಶುದ್ಧ ಕಂಪ್ಯೂಟರಿನಲ್ಲಿ ಮೈಕ್ರೋಸಾಫ್ಟ್‌ನ ಮೀಡಿಯಾ ಕ್ರಿಯೇಷನ್ ಟೂಲ್‌ನಿಂದ 8 ಜಿಬಿ ಪೆನ್‌ಡ್ರೈವನ್ನು ವಿಂಡೋಸ್ ಇನ್‌ಸ್ಟಾಲ್ ಮಾಡೋ ಡ್ರೈವ್ ಮಾಡಿಕೊಳ್ಳಿ. ಇನ್‌ಸ್ಟಾಲ್ ಮಾಡುವಾಗ ಲ್ಯಾಪ್‌ಟಾಪಿನ ಡಿಸ್ಕಿನ ಪಾರ್ಟಿಷನ್ (ಭಾಗ) ಎಲ್ಲ ಅಳಿಸಿ. ಮಳೆಗಾಲದ ನಮ್ಮ ಕರೆಂಟ್ ಗೊತ್ತಲ್ಲ, ಬ್ಯಾಟರಿ ತುಂಬಿಸಿ ಚಾರ್ಜರ್ ಚುಚ್ಚಿಯೇ ಶುರುಮಾಡಿ.

ಲ್ಯಾಪ್‌ಟಾಪ್ ಜೊತೆ ವಿಂಡೋಸ್ ಬಂದಿತ್ತಾ? ಹಾಗಿದ್ದರೆ ಆಕ್ಟಿವೇಟರ್ ಬೇಕೇ ಇರಲಿಲ್ಲ. ಹೋಮ್ ಲೈಸೆನ್ಸ್ ಇದ್ದ ಮೆಷಿನ್‌ಗೆ ಪ್ರೊ ಹಾಕಿದರೆ ಆಕ್ಟಿವೇಟ್ ಆಗಲ್ಲ. ಹೋಮ್ ಹಾಕಿದರೆ ನೆಟ್ ಸಿಕ್ಕ ಮೇಲೆ ಸಾಮಾನ್ಯವಾಗಿ ತಾನೇ ಆಗುತ್ತೆ. ಆಫೀಸ್ ಬದಲು ಲಿಬ್ರೆಆಫೀಸ್ ಉಚಿತ, ಮ್ಯಾಕ್ರೋ (ತಾನೇ ಕೆಲಸ ಮಾಡೋ ಪುಟ್ಟ ಪ್ರೋಗ್ರಾಂ) ಇರೋ ಶೀಟ್ ಮಾತ್ರ ಕೈಕೊಡಬಹುದು. ಹಳೇ ನುಡಿ ಫೈಲ್‌ಗಳಿದ್ದರೆ ಆ ಫಾಂಟ್ ಹಾಕಿ, ಇಲ್ಲದಿದ್ದರೆ ಕನ್ನಡದ ಜಾಗದಲ್ಲಿ ಇಂಗ್ಲಿಷ್ ಗೀಚು ಕಾಣುತ್ತೆ.