ಜೂನಿಯರ್ ವಿಂಬಲ್ಡನ್‌ನಿಂದ ರೋಲಾಂ ಗ್ಯಾರೋಸ್‌ವರೆಗೆ: ಇಗಾ ಸ್ವಿಯಾಟೆಕ್

ಪ್ರಶ್ನೆ: 2018ರಲ್ಲಿ ಜೂನಿಯರ್ ವಿಂಬಲ್ಡನ್ ಗೆದ್ದ ಪೋಲೆಂಡಿನ ಟೆನಿಸ್ ಆಟಗಾರ್ತಿ ಇಗಾ, 2020ಕ್ಕೇ ಫ್ರೆಂಚ್ ಓಪನ್ (ಪ್ಯಾರಿಸ್‌ನ ರೋಲಾಂ ಗ್ಯಾರೋಸ್‌ನಲ್ಲಿ ನಡೆಯುವ ಟೂರ್ನಿ) ಚಾಂಪಿಯನ್. ನಡುವೆ ಏನಾಯ್ತು? ಜೂನಿಯರ್ ಪ್ರಶಸ್ತಿಯಿಂದ ರ‍್ಯಾಂಕಿಂಗ್ ಏರುತ್ತಾ?

ಉತ್ತರ 1: ಇಲ್ಲ. ಜೂನಿಯರ್ ಪ್ರಶಸ್ತಿಗೆ ಡಬ್ಲ್ಯುಟಿಎ (ವೃತ್ತಿಪರ ಮಹಿಳಾ ಟೆನಿಸ್ ಸಂಸ್ಥೆ) ರ‍್ಯಾಂಕಿಂಗ್ ಪಾಯಿಂಟ್ ಸಿಗಲ್ಲ. ಅವಳು ಏರಿದ್ದು ಐಟಿಎಫ್‌ (ಅಂತರರಾಷ್ಟ್ರೀಯ ಟೆನಿಸ್ ಒಕ್ಕೂಟ) ನಡೆಸುವ ಸಣ್ಣ ಟೂರ್ನಿಗಳಿಂದ: ಏಳು ಸಿಂಗಲ್ಸ್ ಫೈನಲ್, ಏಳರಲ್ಲೂ ಗೆಲುವು. ಅದೂ 2017ರಲ್ಲಿ ಪಾದದ ಕೀಲಿನ ಶಸ್ತ್ರಚಿಕಿತ್ಸೆಗೆ ತಿಂಗಳುಗಟ್ಟಲೆ ಆಟ ನಿಂತಿದ್ದಾಗ್ಯೂ. 2019ರ ಆಸ್ಟ್ರೇಲಿಯನ್ ಓಪನ್‌ಗೆ ಮೂರು ಅರ್ಹತಾ ಪಂದ್ಯ ಗೆದ್ದೇ ಒಳಬಂದಳು. ಏಪ್ರಿಲ್‌ನಲ್ಲಿ ಸ್ವಿಟ್ಜರ್‌ಲೆಂಡಿನ ಲುಗಾನೊ ಟೂರ್ನಿಯ ಫೈನಲ್‌ನಲ್ಲಿ ಸ್ಲೊವೇನಿಯಾದ ಹೆರ್ಕೊಗ್‌ಗೆ ಸೋತರೂ ರ‍್ಯಾಂಕಿಂಗ್‌ನಲ್ಲಿ ಮೊದಲ ನೂರರೊಳಗೆ ಸೇರಿದಳು. ಅಲ್ಲಿಂದಾಚೆ ಗ್ರ್ಯಾಂಡ್ ಸ್ಲ್ಯಾಮ್‌ಗಳಿಗೆ (ವರ್ಷದ ನಾಲ್ಕು ಅತಿದೊಡ್ಡ ಟೂರ್ನಿಗಳು) ನೇರ ಪ್ರವೇಶ.

ಉತ್ತರ 2: ನನ್ನ ಪ್ರಕಾರ ನೋಡಬೇಕಾದ್ದು ರೊಮೇನಿಯಾದ ಸಿಮೊನಾ ಹಾಲೆಪ್ ಜತೆಗಿನ ಎರಡು ಪಂದ್ಯ. ಎರಡೂ ಪ್ಯಾರಿಸ್, ಎರಡೂ ನಾಲ್ಕನೇ ಸುತ್ತು. 2019ರಲ್ಲಿ 1-6, 0-6 ಸೋಲು. 2020ರಲ್ಲಿ ಅದೇ ಹಾಲೆಪ್ ಅಗ್ರ ಶ್ರೇಯಾಂಕದವಳು (ಶ್ರೇಯಾಂಕ ಅಂದ್ರೆ ಟೂರ್ನಿಯಲ್ಲಿ ಪ್ರಮುಖ ಆಟಗಾರ್ತಿಯರಿಗಷ್ಟೇ ಕೊಡುವ ಸೀಡ್), ಇಗಾ 6-1, 6-2 ಗೆಲುವು. ಆಗ ಇಗಾ ವಿಶ್ವದ 54ನೇ ಸ್ಥಾನ, ಶ್ರೇಯಾಂಕವೇ ಇಲ್ಲ. ಫೈನಲ್‌ನಲ್ಲಿ ಅಮೆರಿಕದ ಸೋಫಿಯಾ ಕೆನಿನ್ ವಿರುದ್ಧ 6-4, 6-1 ಗೆಲುವು. ಇಡೀ ಟೂರ್ನಿಯಲ್ಲಿ ಒಂದು ಸೆಟ್ಟೂ ಬಿಡಲಿಲ್ಲ, ಕಳಕೊಂಡದ್ದು 28 ಗೇಮ್ ಅಷ್ಟೇ. ಗ್ರ್ಯಾಂಡ್ ಸ್ಲ್ಯಾಮ್ ಸಿಂಗಲ್ಸ್ ಗೆದ್ದ ಮೊದಲ ಪೋಲಿಷ್ ಆಟಗಾರ್ತಿ.

ಉತ್ತರ 3: ಪ್ಯಾರಿಸ್‌ನ ಮಣ್ಣಿನ ಅಂಕಣವೇ ಯಾಕೆ ಒಗ್ಗಿತು ಅಂದ್ರೆ, ಅವಳ ಫೋರ್‌ಹ್ಯಾಂಡ್ ಹಿಡಿತದಲ್ಲಿ ಅಂಗೈ ರಾಕೆಟ್ಟಿನ ಹಿಡಿಕೆಯ ಕೆಳಗಡೆಗೆ ಸರಿದಿರುತ್ತೆ. ಅದರಿಂದ ಟಾಪ್‌ಸ್ಪಿನ್ (ಚೆಂಡು ಮುಂದಕ್ಕೆ ಉರುಳುವಂತೆ ತಿರುಗುವುದು) ಜೋರು, ಮಣ್ಣಲ್ಲಿ ಚೆಂಡು ಎದುರಾಳಿಯ ಭುಜದೆತ್ತರ ಪುಟಿಯುತ್ತೆ. ವಿಂಬಲ್ಡನ್‌ನ ಹುಲ್ಲಿನ ಮೇಲೆ ಚೆಂಡು ತಗ್ಗಾಗಿ ಜಾರಿಬರುತ್ತೆ. ಅದೇ ಹಿಡಿತದಲ್ಲಿ ಕೆಳಗಿನಿಂದ ಎತ್ತಿ ಹೊಡೆಯಲು ಸಮಯ ಸಾಲದು. ಹಾಗಿದ್ದೂ ಜೂನಿಯರ್ ವಿಂಬಲ್ಡನ್ ಗೆದ್ದಿದ್ದೇ ಸೋಜಿಗ!