ನಟಿ ಅಮೀರಬಾಯಿ ಕರ್ನಾಟಕಿ: ಚಿತ್ರಗಳ ಪಟ್ಟಿ ಮಾಡೋದು ಹ್ಯಾಂಗ?

ಹುಬ್ಬಳ್ಳಿ ಚಿತ್ರಬಳಗ
ನಮಸ್ಕಾರ ರೀ. ಬೀಳಗಿಯ ಅಮೀರಬಾಯಿ ಕರ್ನಾಟಕಿ ಅವರ ಬಗ್ಗೆ ಹುಬ್ಬಳ್ಳಿಯಲ್ಲಿ ಸಣ್ಣ ಪ್ರದರ್ಶನ ಇಡುವವರಿದ್ದೇವೆ. ಗಾಯಕಿಯಾಗಿ ಅವರು ಎಲ್ಲರಿಗೂ ಗೊತ್ತು, ನಮಗೆ ಬೇಕಾದದ್ದು ನಟಿ ಅಮೀರಬಾಯಿ. ಅಂತರ್ಜಾಲದ ಪಟ್ಟಿಗಳು ಒಂದಕ್ಕೊಂದು ತಾಳೆಯಾಗುತ್ತಿಲ್ಲ. ಹಾಡಿದ ಚಿತ್ರ, ನಟಿಸಿದ ಚಿತ್ರ ಎಲ್ಲ ಕಲಸಿವೆ, ಸೋದರಿ ಗೋಹರಬಾಯಿ ಹೆಸರಿನಲ್ಲೂ ಗೊಂದಲವಿದೆ. ಕೈಯಲ್ಲಿ ಕೆಲವು 78 ಆರ್‌ಪಿಎಂ ಗ್ರಾಮಫೋನ್ ತಟ್ಟೆಗಳು, ಚಿತ್ರಗಳ ಹಾಡಿನ ಪುಸ್ತಕಗಳು ಇವೆ. ಎಲ್ಲಿಂದ ಶುರು ಮಾಡಬೇಕು?

ಹಳೇ ರೀಲು, ಧಾರವಾಡ
ಮೊದಲು 1935ರ ಹತ್ತಿರ ಒಂದು ಗೆರೆ ಎಳೀರಿ. ಕಲಕತ್ತೆಯ ನ್ಯೂ ಥಿಯೇಟರ್ಸ್ ‘ಧೂಪ್ ಛಾಂವ್’ನಲ್ಲಿ ಹಿನ್ನೆಲೆ ಗಾಯನ ತಂದದ್ದು ಆ ವರ್ಷ. ಅದಕ್ಕೂ ಮುಂಚೆ ಕ್ಯಾಮೆರಾ ಮುಂದೆ ನಿಂತವರೇ ಹಾಡಬೇಕಿತ್ತು, ವಾದ್ಯದವರು ಚೌಕಟ್ಟಿನಾಚೆ ಕೂತು ನುಡಿಸುತ್ತಿದ್ದರು. ಹೀಗಾಗಿ 1934ರ ‘ವಿಷ್ಣುಭಕ್ತಿ’ಯ ಕಾಲದ ಚಿತ್ರದಲ್ಲಿ ಅವರ ಹಾಡಿದೆ ಎಂದರೆ ಮುಖವೂ ಇದೆ ಎಂದು ಹಿಡಿಯಬಹುದು.

1936ರಿಂದ 40ರವರೆಗಿನದೇ ತೊಡಕಿನ ಭಾಗ. ಪದ್ಧತಿ ಬದಲಾಗಿತ್ತು, ಆದರೆ ಹಾಡಬಲ್ಲ ನಟಿಯರು ತಮ್ಮ ಹಾಡು ತಾವೇ ಹಾಡುತ್ತಲೂ ಇದ್ದರು. ಇಲ್ಲಿ ಪ್ರತಿ ಚಿತ್ರಕ್ಕೂ ಹಾಡಿನ ಪುಸ್ತಕದ ಪಾತ್ರವರ್ಗವೋ ಜಾಹೀರಾತೋ ಬೇಕೇ ಬೇಕು. ಹಮ್‌ರಾಜ್ ಅವರ ‘ಹಿಂದಿ ಫಿಲ್ಮ್ ಗೀತಕೋಶ’ದ ಮೊದಲ ಸಂಪುಟ 1931–40, ಎರಡನೆಯದು 1941–50. ಅದರಲ್ಲಿ ತಾರಾಗಣ ಮತ್ತು ಗಾಯಕರನ್ನು ಬೇರೆಬೇರೆ ಕೊಟ್ಟಿದೆ. ನಿಮ್ಮ ಪಟ್ಟಿಯಲ್ಲೂ ಎರಡು ಕಾಲಂ ಬೇರೆ ಇರಲಿ.

ನಲವತ್ತರ ದಶಕದಲ್ಲಿ ಹಾಡು ನೋಡಿ ನಟನೆ ಊಹಿಸಲೇಬೇಡಿ. 1943ರ ‘ಕಿಸ್ಮತ್’ ನೋಡಿ: ‘ಧೀರೆ ಧೀರೆ ಆ ರೆ ಬಾದಲ್’, ‘ಅಬ್ ತೇರೆ ಸಿವಾ’ ಎರಡೂ ಅಮೀರಬಾಯಿ ಕಂಠ, ತೆರೆಯ ಮೇಲಿನ ನಾಯಕಿ ಮುಮ್ತಾಜ್ ಶಾಂತಿ. 1948ರ ‘ಶಹನಾಜ್’ಗೆ ಅವರು ಸಂಗೀತ ನಿರ್ದೇಶಕಿ. ಅದಕ್ಕೆ ಮೂರನೇ ಕಾಲಂ ತೆಗೀರಿ. ಆ ಕಾಲದಲ್ಲಿ ಹೆಣ್ಣುಮಗಳೊಬ್ಬಳು ಆ ಕುರ್ಚಿಯಲ್ಲಿ ಕೂತದ್ದು ದೊಡ್ಡ ಮಾತು, ಪ್ರದರ್ಶನದಲ್ಲಿ ಅದಕ್ಕೆ ಒಂದು ಪೂರ್ತಿ ಫಲಕ ಕೊಡಿ.

ಕನ್ನಡದಲ್ಲಿ ರಹಮತ್ ತರೀಕೆರೆ ಅವರು ಅಮೀರಬಾಯಿ ಬಗ್ಗೆ ಪುಸ್ತಕವನ್ನೇ ಬರೆದಿದ್ದಾರೆ. ಅದನ್ನು ಓದದೆ ಫಲಕ ಬರೆಸಬೇಡಿ.

ರಂಗಪರದೆ, ಗದಗ
ಗೋಹರ್ ಗೊಂದಲಕ್ಕೆ ಉತ್ತರ: ಆ ಹೆಸರಿನವರು ಮೂವರು. ಕಲಕತ್ತೆಯ ಗೌಹರ್ ಜಾನ್ 1902ರಲ್ಲಿ ಗ್ರಾಮಫೋನಿಗೆ ಹಾಡಿ, 1930ರಲ್ಲಿ ಮೈಸೂರಿನಲ್ಲಿ ತೀರಿಕೊಂಡವರು. ನಮ್ಮಲ್ಲಿ ಮಾತಿನ ಚಿತ್ರ ಬಂದದ್ದೇ 1931ಕ್ಕೆ, ಹಾಗಾಗಿ ಅವರು ಲೆಕ್ಕಕ್ಕೇ ಇಲ್ಲ. ಮುಂಬಯಿಯ ಮಿಸ್ ಗೋಹರ್ ಎಂದರೆ ಗೋಹರ್ ಮಾಮಾಜೀವಾಲಾ, ಚಂದೂಲಾಲ್ ಶಾ ಜತೆ ರಂಜಿತ್ ಚಿತ್ರ ಕಂಪನಿ ನಡೆಸಿದವರು. 1934ರ ‘ಗುಣಸುಂದರಿ’ ನಾಯಕಿ ಅವರೇ. ಬೀಳಗಿಯ ಗೋಹರಬಾಯಿ ಕರ್ನಾಟಕಿ ಮರಾಠಿ ರಂಗನಟ ಬಾಲಗಂಧರ್ವರ ನಾಟಕ ಕಂಪನಿಯವರು. ‘ಮಿಸ್ ಗೋಹರ್’ ಎಂದಷ್ಟೇ ಇದ್ದು ಕಂಪನಿ ರಂಜಿತ್ ಆಗಿದ್ದರೆ ಕಣ್ಣುಮುಚ್ಚಿ ಕೈಬಿಡಿ.

ಹಾಡಿನ ಪುಸ್ತಕ ಬಿಡುಗಡೆಗೆ ಮೊದಲೇ ಅಚ್ಚಾಗುತ್ತಿತ್ತು. ಅದರಲ್ಲಿರುವ ಹಾಡು ಚಿತ್ರದಲ್ಲಿ ಉಳಿಯದೇ ಹೋಗಿರಬಹುದು. ಪುಸ್ತಕದ ಬೆನ್ನು ಬಗ್ಗಿಸಿ ಸ್ಕ್ಯಾನರ್ ಮೇಲೆ ಒತ್ತಬೇಡಿ, ತುಕ್ಕು ಹಿಡಿದ ಪಿನ್ನಿನ ಹತ್ತಿರ ಹಾಳೆ ಮುರಿಯುತ್ತದೆ. ಅರ್ಧ ತೆರೆದು, ಮೇಲಿನಿಂದ ಫೋಟೊ ಹಿಡಿದರೆ ಸಾಕು.

ತಿರುಗುತಟ್ಟೆ, ಹುಬ್ಬಳ್ಳಿ
ತಟ್ಟಿ ಬಗ್ಗೆ ಹೇಳ್ತೀನ್ರಿ. ಲೇಬಲ್ ಮ್ಯಾಲಿನ ಹೆಸರು ಒಮ್ಮೊಮ್ಮೆ ಗಾಯಕಿದ ಇರೂದಿಲ್ಲ, ಪಾತ್ರದ್ದಿರ್ತದ. 1949ರ ‘ಮಹಲ್’ ತಟ್ಟಿ ಮ್ಯಾಲೆ ಲತಾ ಹೆಸರಿರಲಿಲ್ಲ, ‘ಕಾಮಿನಿ’ ಅಂತಿತ್ತು. ಅದಕ್ಕ ಲೇಬಲ್‌ನ ಫೋಟೊ ತಗೊಂಡು, ಸುತ್ತಲಿನ ಖಾಲಿ ಜಾಗದಾಗ ಕೊರದ ನಂಬರನ್ನೂ ಬರಕೋರಿ. ಲೇಬಲ್ ಹರಿದ್ರೂ ಆ ನಂಬರ್ ಉಳೀತದ.

ತೊಳಿಯೂದಕ್ಕ ಸ್ಪಿರಿಟ್ ಮುಟ್ಟಬ್ಯಾಡ್ರಿ. ಈ ತಟ್ಟಿ ಅರಗಿಂದು, ಸ್ಪಿರಿಟ್‌ಗೆ ಕರಗತದ. ಡಿಸ್ಟಿಲ್ಡ್ ನೀರಿಗೆ ಒಂದು ಹನಿ ಪಾತ್ರಿ ತೊಳಿಯೂ ಸೋಪು, ಮೆತ್ತನ ಬ್ರಶ್, ಗೆರಿ ಹೋದಂಗ ಸುತ್ತ ತಿಕ್ಕಬೇಕು. ಲೇಬಲ್ ತೋಯಬಾರದು. ಎಲ್‌ಪಿ ಮುಳ್ಳು ನಡಿಯೂದಿಲ್ಲ: ಅದು ಸುಮಾರು 18 ಮೈಕ್ರಾನ್, ಇದಕ್ಕ 75ರ ಹತ್ತಿರದ್ದು ಬೇಕು. ಸಣ್ಣ ಮುಳ್ಳು ಗೆರಿ ತಳಕ್ಕ ಕುಂತು ಬರೇ ಧೂಳಿನ ಸಪ್ಪಳ ಕೊಡ್ತದ.

ದನಿ ಗುರುತಿಸೂ ಮುಂದ ವೇಗ ನೋಡ್ರಿ. ಎಲ್ಲಾನೂ ಖರೇ 78ರಾಗ ಕೆತ್ತಿರೂದಿಲ್ಲ. 74ರಾಗ ಕೆತ್ತಿದ್ದನ್ನ 78ರಾಗ ಓಡಿಸಿದ್ರ ಶ್ರುತಿ ಹತ್ತಿರ ಹತ್ತಿರ ಅರ್ಧ ಸ್ವರ ಏರತದ, ದನಿ ತೆಳ್ಳಗಾಗಿ ಅಮೀರಬಾಯಿ ಬ್ಯಾರೆ ಯಾರೋ ಅನಸ್ತಾರ. ಹಾಡಿನ ಷಡ್ಜ ಹಾರ್ಮೋನಿಯಂನ ಕಪ್ಪು-ಬಿಳಿ ಎರಡು ಮನಿ ನಡುವ ಸಿಕ್ಕೊಂಡ್ರ ವೇಗದ ಮ್ಯಾಲೆ ಸಂಶಯ ಇಡ್ರಿ.

ಹುಬ್ಬಳ್ಳಿ ಚಿತ್ರಬಳಗ
ಬಹಳ ಉಪಕಾರ. ಚಿತ್ರಗಳೇ ಉಳಿದಿದ್ದರೆ ಪುಣೆಯ ಫಿಲ್ಮ್ ಆರ್ಕೈವ್‌ನಲ್ಲಿ ನೋಡಬಹುದೇ?

ಹಳೇ ರೀಲು, ಧಾರವಾಡ
ಮೊದಲು ಪತ್ರ ಹಾಕಿ, ಆಮೇಲೆ ರೈಲು ಹತ್ತಿ. ಆರ್ಕೈವ್ ಶುರುವಾದದ್ದು 1964ರಲ್ಲಿ. ಅಷ್ಟೊತ್ತಿಗೆ ಮೂವತ್ತರ ದಶಕದ ನೈಟ್ರೇಟ್ ರೀಲುಗಳು ಎಷ್ಟೋ ಅಂಟಾಗಿ, ಪುಡಿಯಾಗಿ ಹೋಗಿದ್ದವು. ಉಳಿದದ್ದರಲ್ಲೂ ಒಂದಿಷ್ಟು 2003ರ ಪುಣೆಯ ಬೆಂಕಿಗೆ ಆಹುತಿಯಾಯಿತು. ಚಿತ್ರದ ಹೆಸರು, ವರ್ಷ, ಕಂಪನಿ, ನಿರ್ದೇಶಕ ನಾಲ್ಕನ್ನೂ ಬರೆಯಿರಿ. ಒಂದೇ ಹೆಸರಿನಲ್ಲಿ ಎರಡು-ಮೂರು ಚಿತ್ರ ಬಂದಿರುವುದುಂಟು. ರೀಲು ಇಲ್ಲವೆಂದರೆ ಅಲ್ಲಿಗೇ ಬಿಡಬೇಡಿ, ಅದೇ ಪತ್ರದಲ್ಲಿ ಸ್ಥಿರಚಿತ್ರ ಮತ್ತು ಹಾಡಿನ ಪುಸ್ತಕದ ಬಗ್ಗೆಯೂ ಕೇಳಿ. ಅವು ಬೇರೆ ವಿಭಾಗದಲ್ಲಿರುತ್ತವೆ, ಪಾತ್ರವರ್ಗ ಖಚಿತಪಡಿಸಿಕೊಳ್ಳಲು ಅಷ್ಟು ಸಾಕಾಗುತ್ತದೆ.